ಅಳಿಸಲಾಗದ ಕಡತಗಳು: ಹಿಡಿದಿರುವ ಪ್ರೋಗ್ರಾಂ ಗುರುತಿಸಿ, ಸುರಕ್ಷಿತವಾಗಿ ಬಿಡಿಸುವ ಸಮಗ್ರ ಮಾರ್ಗದರ್ಶಿ

ಮೈಸೂರಿನ ಸರಸ್ವತಿಪುರಂ ಆಗಲಿ, ಮಂಡ್ಯದ ಬಸ್ ನಿಲ್ದಾಣದ ಆಸುಪಾಸಾಗಲಿ, ಡಿಟಿಪಿ ಮತ್ತು ಜೆರಾಕ್ಸ್ ಕೆಲಸ ನಡೆಯುವ ಅಂಗಡಿಗಳ ಕಂಪ್ಯೂಟರುಗಳಲ್ಲಿ ಲಗ್ನಪತ್ರಿಕೆ, ಗೃಹಪ್ರವೇಶದ ಆಹ್ವಾನ, ಸ್ಕ್ಯಾನ್ ಮಾಡಿದ ಪಹಣಿ, ಮಾನಸಗಂಗೋತ್ರಿಯ ವಿದ್ಯಾರ್ಥಿಗಳ ಸಂಶೋಧನಾ ಪ್ರಬಂಧ ಎಲ್ಲವೂ ಒಂದರ ಮೇಲೊಂದು ಸೇರುತ್ತಲೇ ಇರುತ್ತವೆ. ಡಿಸ್ಕ್ ತುಂಬಿ ಕೆಂಪು ಪಟ್ಟಿ ಕಾಣಿಸಿದ ದಿನ ಶುಚಿ ಮಾಡಲು ಕುಳಿತರೆ ಹತ್ತಾರು ಫೋಲ್ಡರುಗಳು ಸುಮ್ಮನೆ ಹೋಗುತ್ತವೆ, ಒಂದು ಮಾತ್ರ ಜಪ್ಪಯ್ಯ ಎಂದರೂ ಅಲುಗುವುದಿಲ್ಲ. ‘ಅಣ್ಣ, ಇದು ಡಿಲೀಟೇ ಆಗ್ತಿಲ್ಲ, ಯಾವುದಾದ್ರೂ ಅನ್‌ಲಾಕರ್ ಹಾಕ್ಬಿಡ್ಲಾ?’ ಎಂದು ಅಂಗಡಿಯ ಹುಡುಗ ಮಾಲೀಕರನ್ನು ಕೇಳುವುದು ಈ ಹೊತ್ತಿನಲ್ಲಿಯೇ. ಹಾಕಬಹುದು, ಆದರೆ ಅದಕ್ಕೂ ಮೊದಲು ಆ ಕಡತವನ್ನು ಯಾವ ಪ್ರೋಗ್ರಾಂ ಹಿಡಿದುಕೊಂಡಿದೆ ಎಂಬುದು ತಿಳಿಯಬೇಕು. ಅನ್‌ಲಾಕ್ ಮಾಡುವ ಉಪಕರಣಗಳ ನಿಜವಾದ ಬೆಲೆ ಇರುವುದು ಹಿಡಿದಿರುವವರನ್ನು ತೋರಿಸಿಕೊಡುವುದರಲ್ಲಿ. ಬಲವಂತವಾಗಿ ಕಿತ್ತುಕೊಳ್ಳುವ ಗುಂಡಿ ಅವುಗಳಲ್ಲಿ ಇದ್ದೇ ಇರುತ್ತದೆಯಾದರೂ ಅದನ್ನು ಒತ್ತಬೇಕಾದ ಸಂದರ್ಭ ತೀರ ವಿರಳ.

ಈ ಮಾರ್ಗದರ್ಶಿಯನ್ನು ವಿಂಡೋಸ್ 10 ಮತ್ತು 11 ಬಳಸುವವರಿಗಾಗಿ, ಅದರಲ್ಲಿಯೂ ತಮ್ಮದಲ್ಲದ ಕಂಪ್ಯೂಟರಿನಲ್ಲಿ ಏನನ್ನೂ ಇನ್‌ಸ್ಟಾಲ್ ಮಾಡದೆ ಪೆನ್‌ಡ್ರೈವ್‌ನಿಂದಲೇ ಕೆಲಸ ಮುಗಿಸಬೇಕಾದವರಿಗಾಗಿ ಬರೆಯಲಾಗಿದೆ.

ಮೊದಲು ಸಂದೇಶವನ್ನು ಓದಿ

ಕಡತ ಅಳಿಯದಿದ್ದಾಗ ವಿಂಡೋಸ್ ತೋರಿಸುವ ಪುಟ್ಟ ಕಿಟಕಿಯನ್ನು ಓದದೆಯೇ ಮುಚ್ಚುವುದು ರೂಢಿಯಾಗಿಬಿಟ್ಟಿದೆ. ಮುಂದಿನ ದಾರಿಯೆಲ್ಲ ನಿರ್ಧಾರವಾಗುವುದು ಅಲ್ಲಿರುವ ಒಂದೆರಡು ಸಾಲುಗಳಿಂದ. ‘ಫೈಲ್ ಇನ್ ಯೂಸ್’ ಎಂದಿದ್ದರೆ ಯಾವುದೋ ಪ್ರೋಗ್ರಾಂ ಅದನ್ನು ತೆರೆದುಕೊಂಡಿದೆ. ಅನ್‌ಲಾಕ್ ಉಪಕರಣಗಳು ಕೆಲಸಕ್ಕೆ ಬರುವುದು ಇಂಥಲ್ಲಿ ಮಾತ್ರ. ‘ಪರ್ಮಿಷನ್’ ಬೇಕು ಎಂದಿದ್ದರೆ ಅದು ಹಕ್ಕಿನ ಪ್ರಶ್ನೆ. ಕಣ್ಣೆದುರಿಗೇ ಇರುವ ಕಡತದ ಬಗ್ಗೆ ‘ಇಂಥ ಐಟಂ ಇಲ್ಲವೇ ಇಲ್ಲ’ ಎಂದರೆ ಹೆಸರಿನಲ್ಲಿ ದೋಷವಿದೆ. ‘ರೈಟ್ ಪ್ರೊಟೆಕ್ಟೆಡ್’ ಎಂದರೆ ಮೆಮೊರಿ ಕಾರ್ಡಿನ ಅಡಾಪ್ಟರಿನ ಪಕ್ಕದಲ್ಲಿರುವ ಸಣ್ಣ ಕೀಲಿಯನ್ನು ಮೊದಲು ನೋಡಬೇಕು. ‘ಕರಪ್ಟೆಡ್’ ಎಂಬ ಪದ ಕಂಡರೆ ಡಿಸ್ಕಿನ ಕಡತ ವ್ಯವಸ್ಥೆಗೇ ಪೆಟ್ಟು ಬಿದ್ದಿದೆ. ನಕಲು ನಡೆಯುತ್ತಿರುವಾಗ ಕರೆಂಟ್ ಹೋದರೆ ಹೀಗಾಗುವುದುಂಟು. ಆಗ ಡ್ರೈವಿನ ಪ್ರಾಪರ್ಟೀಸ್‌ನಲ್ಲಿ ‘ಟೂಲ್ಸ್’ ಎಂಬ ಪುಟಕ್ಕೆ ಹೋಗಿ ದೋಷ ಪರಿಶೀಲನೆ ಮಾಡಿಸಬೇಕು. ಅದಕ್ಕೂ ಮುನ್ನ ಬೇಕಾದ ಕಡತಗಳನ್ನು ಬೇರೆಡೆಗೆ ನಕಲಿಸಿಕೊಳ್ಳಬೇಕು, ಏಕೆಂದರೆ ದುರಸ್ತಿಯ ಭರದಲ್ಲಿ ವಿಂಡೋಸ್ ಕೆಲವು ತುಣುಕುಗಳನ್ನು ಕತ್ತರಿಸಿ ಹಾಕುವ ಸಾಧ್ಯತೆ ಇರುತ್ತದೆ.

ಒಂದು ಪ್ರೋಗ್ರಾಂ ಕಡತವನ್ನು ತೆರೆದಾಗ ವಿಂಡೋಸ್ ಅದಕ್ಕೆ ‘ಹ್ಯಾಂಡಲ್’ ಎಂಬ ಒಂದು ಸಂಖ್ಯೆಯನ್ನು ಕೊಡುತ್ತದೆ. ತೆರೆಯುವ ಹೊತ್ತಿನಲ್ಲಿಯೇ ಆ ಪ್ರೋಗ್ರಾಂ ‘ನಾನು ಬಳಸುತ್ತಿರುವಾಗ ಬೇರೆಯವರು ಓದಬಹುದು, ಆದರೆ ಅಳಿಸಬಾರದು’ ಎಂಬಂತಹ ಷರತ್ತನ್ನು ಹಾಕಬಹುದು. ಆ ಹ್ಯಾಂಡಲ್ ಮುಚ್ಚುವವರೆಗೆ ವಿಂಡೋಸ್ ಷರತ್ತನ್ನು ಕಾಪಾಡುತ್ತದೆ. ಲಿನಕ್ಸ್‌ನಲ್ಲಿ ತೆರೆದಿರುವ ಕಡತವನ್ನೂ ಅಳಿಸಬಹುದು, ಹೆಸರು ಕೂಡಲೇ ಮಾಯವಾಗಿ ಒಳಗಿನ ದತ್ತಾಂಶ ಮಾತ್ರ ಬಳಸುವವರು ಬಿಡುವವರೆಗೆ ಉಳಿದಿರುತ್ತದೆ. ವಿಂಡೋಸ್‌ನ ಪದ್ಧತಿ ಕಿರಿಕಿರಿಯೆನಿಸಿದರೂ ಅರ್ಧ ಬರೆದ ಪ್ರಬಂಧವೊಂದು ಕೈತಪ್ಪಿ ಅಳಿದುಹೋಗದಂತೆ ತಡೆಯುವುದು ಅದೇ ಷರತ್ತು.

ಯಾವ ಉಪಕರಣವೂ ಬೇಡದ ಪ್ರಯತ್ನಗಳು

ಎಷ್ಟೋ ಸಲ ಕಡತವನ್ನು ಹಿಡಿದಿರುವುದು ಅದನ್ನು ತೋರಿಸುತ್ತಿರುವ ಫೈಲ್ ಎಕ್ಸ್‌ಪ್ಲೋರರೇ ಆಗಿರುತ್ತದೆ. ಬಲಬದಿಯಲ್ಲಿ ಪಿಡಿಎಫ್ ಅಥವಾ ವಿಡಿಯೊದ ಮುನ್ನೋಟ ತೋರಿಸುವ ಪಟ್ಟಿ ತೆರೆದಿದ್ದರೆ ಆಲ್ಟ್ ಮತ್ತು ಪಿ ಕೀಲಿಗಳನ್ನು ಒಟ್ಟಿಗೆ ಒತ್ತಿ ಅದನ್ನು ಮುಚ್ಚಿ, ಬೇರೆ ಫೋಲ್ಡರಿಗೆ ಹೋಗಿ, ಮರಳಿ ಬಂದು ಅಳಿಸಿ ನೋಡಬೇಕು. ವರ್ಡ್ ಮುಚ್ಚಿದ ಮೇಲೂ ಕಡತ ಬಿಡದಿದ್ದರೆ ಅದೇ ಫೋಲ್ಡರಿನಲ್ಲಿ ಅಲೆಗೆರೆ ಮತ್ತು ಡಾಲರ್ ಚಿಹ್ನೆಯಿಂದ ಆರಂಭವಾಗುವ ಹೆಸರಿನ ಮರೆಯ ಕಡತವೊಂದು ಉಳಿದಿದೆಯೇ ನೋಡಿ. ದಾಖಲೆ ತೆರೆದಿರುವಷ್ಟು ಕಾಲ ಯಾರು ಬಳಸುತ್ತಿದ್ದಾರೆಂದು ಗುರುತಿಡಲು ವರ್ಡ್ ಅದನ್ನು ಸೃಷ್ಟಿಸುತ್ತದೆ. ವರ್ಡ್ ನಡುವೆ ಕುಸಿದರೆ ಅದು ಅನಾಥವಾಗಿ ಉಳಿಯುತ್ತದೆ. ಕೆಲವೊಮ್ಮೆ ಪರದೆಯಲ್ಲಿ ಕಾಣದ ವರ್ಡ್ ಹಿನ್ನೆಲೆಯಲ್ಲಿ ಇನ್ನೂ ಓಡುತ್ತಿರುತ್ತದೆ. ಟಾಸ್ಕ್ ಮ್ಯಾನೇಜರ್ ತೆರೆದರೆ ಅದು ಪಟ್ಟಿಯಲ್ಲಿ ಸಿಗುತ್ತದೆ. ಅದೇ ಪಟ್ಟಿಯಲ್ಲಿ ವಿಂಡೋಸ್ ಎಕ್ಸ್‌ಪ್ಲೋರರನ್ನು ಆರಿಸಿದರೆ ಕೆಲಸ ಮುಗಿಸುವ ಗುಂಡಿ ‘ರೀಸ್ಟಾರ್ಟ್’ ಎಂದಾಗುತ್ತದೆ. ಒತ್ತಿದರೆ ಪರದೆ ಒಂದು ಕ್ಷಣ ಖಾಲಿಯಾಗಿ ಮತ್ತೆ ಬರುತ್ತದೆ, ಮುನ್ನೋಟದ ಹಿಡಿತಗಳೆಲ್ಲ ಸಡಿಲವಾಗುತ್ತವೆ.

ಕಡತಗಳ ಪ್ರತಿಯನ್ನು ಇಂಟರ್ನೆಟ್ಟಿನ ಖಾತೆಯಲ್ಲಿಯೂ ಇಡುವ ಒನ್‌ಡ್ರೈವ್‌ನಂತಹ ಸಿಂಕ್ ವ್ಯವಸ್ಥೆಯಿದ್ದರೆ ಅದನ್ನು ಎರಡು ಗಂಟೆ ನಿಲ್ಲಿಸುವ ಆಯ್ಕೆ ಅದರ ಚಿಹ್ನೆಯಲ್ಲಿಯೇ ಇದೆ. ಆದರೆ ಇಲ್ಲೊಂದು ಸೂಕ್ಷ್ಮವಿದೆ. ಸಿಂಕ್ ಆಗುವ ಫೋಲ್ಡರಿನಲ್ಲಿ ಇಲ್ಲಿ ಅಳಿಸಿದ್ದು ಸಿಂಕ್ ಮರಳಿ ಆರಂಭವಾದಾಗ ಅಲ್ಲಿಯೂ ಅಳಿಯುತ್ತದೆ.

ಇವು ಫಲಿಸದಿದ್ದರೆ ಒಮ್ಮೆ ‘ರೀಸ್ಟಾರ್ಟ್’ ಮಾಡಿ. ‘ಶಟ್ ಡೌನ್’ ಮಾಡಿ ಮತ್ತೆ ಗುಂಡಿ ಒತ್ತುವುದು ಇದಕ್ಕೆ ಸಮನಲ್ಲ. ವಿಂಡೋಸ್ 8ರಿಂದ ಬಂದಿರುವ ಫಾಸ್ಟ್ ಸ್ಟಾರ್ಟಪ್ ಸೌಲಭ್ಯವಿದ್ದಲ್ಲಿ ಶಟ್ ಡೌನ್ ಎಂದಾಗ ವಿಂಡೋಸ್‌ನ ತಿರುಳು ಡಿಸ್ಕಿಗೆ ಉಳಿಸಲ್ಪಟ್ಟು ಮುಂದಿನ ಬಾರಿ ಇದ್ದ ಸ್ಥಿತಿಯಲ್ಲೇ ಏಳುತ್ತದೆ. ರೀಸ್ಟಾರ್ಟ್ ಮಾಡಿದಾಗ ಮಾತ್ರ ಎಲ್ಲವೂ ಮೊದಲಿನಿಂದ ಆರಂಭ. ಈ ವ್ಯತ್ಯಾಸ ಮುಂದೆಯೂ ಬೇಕಾಗುತ್ತದೆ.

ಪೆನ್‌ಡ್ರೈವ್‌ನಲ್ಲಿ ಇಟ್ಟುಕೊಳ್ಳಬೇಕಾದವು

ಪೋರ್ಟಬಲ್ ಉಪಕರಣವೆಂದರೆ ಇನ್‌ಸ್ಟಾಲ್ ಮಾಡದೆ ನೇರವಾಗಿ ಓಡುವ ಪ್ರೋಗ್ರಾಂ. ಹಾಗೆಂದ ಮಾತ್ರಕ್ಕೆ ಅದು ಅಡ್ಮಿನಿಸ್ಟ್ರೇಟರ್ ಹಕ್ಕಿಲ್ಲದೆ ಎಲ್ಲವನ್ನೂ ಮಾಡುತ್ತದೆ ಎಂದಾಗಲಿ, ಕಂಪ್ಯೂಟರಿನಲ್ಲಿ ಯಾವ ಗುರುತನ್ನೂ ಬಿಡುವುದಿಲ್ಲ ಎಂದಾಗಲಿ ಭಾವಿಸಬಾರದು. ಬೇರೆ ಬಳಕೆದಾರರ ಪ್ರೋಗ್ರಾಂಗಳ ಮತ್ತು ವಿಂಡೋಸ್ ಸೇವೆಗಳ ಹ್ಯಾಂಡಲ್‌ಗಳನ್ನು ಇಣುಕಿ ನೋಡಲು ಅಡ್ಮಿನ್ ಹಕ್ಕು ಬೇಕು. ಕಾಲೇಜಿನ ಲ್ಯಾಬ್‌ನಲ್ಲಾಗಲಿ ಕಚೇರಿಯಲ್ಲಾಗಲಿ ಆ ಹಕ್ಕು ನಿಮಗಿಲ್ಲದಿದ್ದರೆ ಅಲ್ಲಿನ ಕಂಪ್ಯೂಟರ್ ನೋಡಿಕೊಳ್ಳುವವರನ್ನು ಕರೆಯುವುದೇ ಕ್ರಮ.

ನನ್ನ ಆಯ್ಕೆಯಲ್ಲಿ ಮೊದಲ ಸ್ಥಾನ ಸಿಸ್‌ಇಂಟರ್ನಲ್ಸ್ ಸಮೂಹದ ‘ಪ್ರೋಸೆಸ್ ಎಕ್ಸ್‌ಪ್ಲೋರರ್’ಗೆ. ಮಾರ್ಕ್ ರಸಿನೋವಿಚ್ ಮತ್ತು ಬ್ರೈಸ್ ಕಾಗ್ಸ್‌ವೆಲ್ 1996ರಲ್ಲಿ ಆರಂಭಿಸಿದ ಈ ಸಮೂಹವನ್ನು 2006ರಲ್ಲಿ ಮೈಕ್ರೋಸಾಫ್ಟ್ ಕೊಂಡುಕೊಂಡಿತು. ಅಂದಿನಿಂದ ಇವು ಮೈಕ್ರೋಸಾಫ್ಟ್‌ನ ತಾಣದಲ್ಲಿಯೇ ಉಚಿತವಾಗಿ ದೊರೆಯುತ್ತವೆ. ಇದರೊಂದಿಗೆ ಅದೇ ಸಮೂಹದ ‘ಮೂವ್‌ಫೈಲ್’ ಮತ್ತು ‘ಪೆಂಡ್‌ಮೂವ್ಸ್’ ಎಂಬ ಪುಟ್ಟ ಆಜ್ಞಾ ಉಪಕರಣಗಳಿರಲಿ. ಆಜ್ಞೆ ಬರೆಯುವುದು ಬೇಡವೆನ್ನುವವರಿಗೆ ‘ಲಾಕ್‌ಹಂಟರ್’ ಸುಲಭ. ಅದರ ದೊಡ್ಡ ಗುಣವೆಂದರೆ ಅಳಿಸಿದ ಕಡತವನ್ನು ರೀಸೈಕಲ್ ಬಿನ್‌ಗೆ ಕಳಿಸುವುದು, ಹಾಗಾಗಿ ಕೈತಪ್ಪಿದರೂ ಮರಳಿ ಪಡೆಯುವ ದಾರಿ ಇರುತ್ತದೆ. ನಿರ್‌ಸಾಫ್ಟ್‌ನ ‘ಓಪನ್ಡ್‌ಫೈಲ್ಸ್‌ವ್ಯೂ’ ತೆರೆದಿರುವ ಎಲ್ಲ ಕಡತಗಳ ಪಟ್ಟಿಯನ್ನು ಒಂದೇ ಪರದೆಯಲ್ಲಿ ಕೊಡುತ್ತದೆ. ಇವಕ್ಕೆ ‘ಸೆವೆನ್-ಜಿಪ್’ ಅನ್ನೂ ಸೇರಿಸಿ. ಅದು ಕಡತಗಳನ್ನು ಕುಗ್ಗಿಸುವ ಪ್ರೋಗ್ರಾಂ ಅಲ್ಲವೇ ಎನ್ನಬಹುದು. ಅದರ ಉಪಯೋಗ ಮುಂದೆ ತಿಳಿಯುತ್ತದೆ. ಇವುಗಳ ಪೈಕಿ ಹುಡುಕುವ ಕೆಲಸವನ್ನಷ್ಟೇ ಮಾಡುವ ‘ರಿಸೋರ್ಸ್ ಮಾನಿಟರ್’ ವಿಂಡೋಸ್‌ನ ಒಳಗೇ ಇದೆ. ಪೆನ್‌ಡ್ರೈವ್ ಮರೆತು ಬಂದ ದಿನಕ್ಕೆ ಅದೇ ಆಸರೆ.

ಎಲ್ಲಿಂದ ಇಳಿಸಿಕೊಳ್ಳುತ್ತೀರಿ ಎಂಬುದು ಯಾವ ಉಪಕರಣ ಎಂಬುದಕ್ಕಿಂತ ಮುಖ್ಯ. ‘ಅನ್‌ಲಾಕರ್’ ಎಂದು ಹುಡುಕಿದಾಗ ಮೇಲೆ ಬರುವ ಜಾಹೀರಾತುಗಳನ್ನು ಒತ್ತಿದರೆ ಕಡತ ಬಿಡಿಸುವ ಉಪಕರಣದ ಜೊತೆಗೆ ಬ್ರೌಸರಿನ ಟೂಲ್‌ಬಾರ್, ಬೇಡದ ‘ಸ್ಪೀಡ್ ಬೂಸ್ಟರ್’ ಇತ್ಯಾದಿ ಒಳನುಗ್ಗುತ್ತವೆ. ತಯಾರಕರ ಸ್ವಂತ ತಾಣದಿಂದಲೇ ಜಿಪ್ ಕಡತವನ್ನು ಇಳಿಸಿಕೊಂಡು, ಬಿಡಿಸಿದ ಮೇಲೆ ಪ್ರೋಗ್ರಾಂ ಕಡತದ ಮೇಲೆ ಬಲ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನಲ್ಲಿ ‘ಡಿಜಿಟಲ್ ಸಿಗ್ನೇಚರ್ಸ್’ ಎಂಬ ಪುಟವನ್ನು ನೋಡಿ. ಸಿಸ್‌ಇಂಟರ್ನಲ್ಸ್‌ನ ಉಪಕರಣವಾದರೆ ಅಲ್ಲಿ ಮೈಕ್ರೋಸಾಫ್ಟ್‌ನ ಹೆಸರಿರಬೇಕು. ಸಿಸ್‌ಇಂಟರ್ನಲ್ಸ್‌ನದೆಂಬ ಪ್ರತಿಯಲ್ಲಿ ಆ ಪುಟವೇ ಇಲ್ಲದಿದ್ದರೆ ಅದನ್ನು ಓಡಿಸಬೇಡಿ. ನಿರ್‌ಸಾಫ್ಟ್‌ನ ಕೆಲವು ಉಪಕರಣಗಳ ಮೇಲೆ ಆಂಟಿವೈರಸ್ ಸುಳ್ಳು ಎಚ್ಚರಿಕೆ ಕೊಡುವುದುಂಟು. ಅದಕ್ಕೆಂದು ಬೇರೆಯವರ ಕಂಪ್ಯೂಟರಿನಲ್ಲಿ ಆಂಟಿವೈರಸ್ ನಿಲ್ಲಿಸುವುದು ತರವಲ್ಲ, ಆ ಜಾಗದಲ್ಲಿ ರಿಸೋರ್ಸ್ ಮಾನಿಟರ್ ಬಳಸಿದರಾಯಿತು.

ಹಿಡಿದಿರುವವರನ್ನು ಹುಡುಕುವುದು

ಒಂದು ಉದಾಹರಣೆಯನ್ನೇ ಹಿಡಿದು ಹೋಗೋಣ. ಡೆಸ್ಕ್‌ಟಾಪಿನ ಮೇಲೆ ‘ದಸರಾ ಕರಪತ್ರ’ ಎಂಬ ಫೋಲ್ಡರ್ ಇದೆ. ಒಳಗಿನ ಕೋರೆಲ್‌ಡ್ರಾ ಕಡತಗಳು ಅಳಿದಿವೆ, ಫೋಲ್ಡರ್ ಮಾತ್ರ ‘ಬೇರೊಂದು ಪ್ರೋಗ್ರಾಂನಲ್ಲಿ ತೆರೆದಿದೆ’ ಎನ್ನುತ್ತಿದೆ. ಪ್ರೋಸೆಸ್ ಎಕ್ಸ್‌ಪ್ಲೋರರ್‌ನ 64 ಬಿಟ್ ಪ್ರತಿಯ ಮೇಲೆ ಬಲ ಕ್ಲಿಕ್ ಮಾಡಿ ಅಡ್ಮಿನಿಸ್ಟ್ರೇಟರ್ ಆಗಿ ಓಡಿಸಿ. ಮೊದಲ ಬಾರಿ ಪರವಾನಗಿಗೆ ಒಪ್ಪಿಗೆ ಕೇಳುತ್ತದೆ. ಮೇಲಿನ ‘ಫೈಂಡ್’ ಮೆನುವಿನಲ್ಲಿ ‘ಫೈಂಡ್ ಹ್ಯಾಂಡಲ್ ಆರ್ ಡಿಎಲ್‌ಎಲ್’ ಎಂಬುದನ್ನು ಆರಿಸಿ, ಫೋಲ್ಡರಿನ ಹೆಸರಿನ ಒಂದು ಭಾಗವನ್ನು ಬರೆದು ಹುಡುಕಿ. ಕೆಳಗೆ ಸಾಲುಗಳು ಮೂಡುತ್ತವೆ: ಪ್ರೋಗ್ರಾಂನ ಹೆಸರು, ಅದರ ಪಿಐಡಿ ಅಂದರೆ ಗುರುತಿನ ಸಂಖ್ಯೆ, ಹಿಡಿತದ ಬಗೆ, ಕಡತದ ಪೂರ್ಣ ದಾರಿ. ಆ ಸಾಲಿನ ಮೇಲೆ ಎರಡು ಬಾರಿ ಕ್ಲಿಕ್ ಮಾಡಿದರೆ ಮೇಲಿನ ಪಟ್ಟಿಯಲ್ಲಿ ಆ ಪ್ರೋಗ್ರಾಂ, ಕೆಳಗಿನ ಪಟ್ಟಿಯಲ್ಲಿ ಅದು ಹಿಡಿದಿರುವ ಕಡತ ಎರಡೂ ಎದ್ದು ಕಾಣುತ್ತವೆ.

ಈ ಸಾಲಿನಲ್ಲಿ ಬರುವ ಹೆಸರನ್ನು ಅರ್ಥ ಮಾಡಿಕೊಳ್ಳುವುದೇ ಇಡೀ ಕೆಲಸದ ಮುಖ್ಯ ಭಾಗ. ಕೋರೆಲ್‌ಡ್ರಾ, ವರ್ಡ್, ಪಿಡಿಎಫ್ ರೀಡರ್ ಹೀಗೆ ಪರಿಚಿತ ಹೆಸರು ಬಂದರೆ ಆ ಪ್ರೋಗ್ರಾಂನಲ್ಲಿ ಉಳಿಸಬೇಕಾದ್ದನ್ನು ಉಳಿಸಿ, ಅದನ್ನು ಅದರದೇ ಮೆನುವಿನಿಂದ ಮುಚ್ಚಿದರೆ ಮುಗಿಯಿತು. ಆಜ್ಞೆ ಬರೆದು ಕೆಲಸ ಮಾಡಿಸುವ ಕಮಾಂಡ್ ಪ್ರಾಂಪ್ಟ್ ಎಂದು ಬಂದರೆ ಅದರ ಕಪ್ಪು ಕಿಟಕಿ ಆ ಫೋಲ್ಡರಿನೊಳಗೆ ನಿಂತಿದೆ ಎಂದರ್ಥ. ಒಳಗೆ ಒಂದು ಕಡತವೂ ಇಲ್ಲದ ಫೋಲ್ಡರ್ ಅಳಿಯದಿರುವುದಕ್ಕೆ ಇದು ಸಾಮಾನ್ಯ ಕಾರಣ. ವಿಂಡೋಸ್‌ನ ಸೇವೆಗಳನ್ನು ಹೊತ್ತು ನಡೆಸುವ ‘ಎಸ್‌ವಿಸಿಹೋಸ್ಟ್’ ಬಂದರೆ ಅದನ್ನು ನೇರವಾಗಿ ಕೊಲ್ಲಬಾರದು. ಅದರ ಮೇಲೆ ಎರಡು ಬಾರಿ ಕ್ಲಿಕ್ ಮಾಡಿ ‘ಸರ್ವಿಸಸ್’ ಪುಟ ನೋಡಿದರೆ ಯಾವ ಸೇವೆ ಎಂಬುದು ತಿಳಿಯುತ್ತದೆ, ಆ ಸೇವೆಯನ್ನಷ್ಟೇ ನಿಲ್ಲಿಸಿ ಮತ್ತೆ ಆರಂಭಿಸಬಹುದು. ಆಂಟಿವೈರಸ್‌ನ ಹೆಸರು ಬಂದರೆ ಕೆಲವು ನಿಮಿಷ ಕಾಯಿರಿ, ದೊಡ್ಡ ಜಿಪ್ ಕಡತಗಳನ್ನು ಅದು ತಪಾಸಣೆ ಮಾಡುತ್ತಿರಬಹುದು.

ಪೆನ್‌ಡ್ರೈವ್ ಇಲ್ಲದಿದ್ದಾಗ ಸ್ಟಾರ್ಟ್ ಮೆನುವಿನಲ್ಲಿ ರಿಸೋರ್ಸ್ ಮಾನಿಟರ್ ಹುಡುಕಿ ತೆರೆದು, ‘ಸಿಪಿಯು’ ಪುಟದಲ್ಲಿ ‘ಅಸೋಸಿಯೇಟೆಡ್ ಹ್ಯಾಂಡಲ್ಸ್’ ಎಂಬ ಪಟ್ಟಿಯ ಹುಡುಕಾಟದ ಜಾಗದಲ್ಲಿ ಕಡತದ ಹೆಸರು ಬರೆದರೆ ಇದೇ ಮಾಹಿತಿ ದೊರೆಯುತ್ತದೆ. ಅಲ್ಲಿ ಹ್ಯಾಂಡಲ್ ಮುಚ್ಚುವ ಅವಕಾಶವಿಲ್ಲ, ಅದು ಒಳ್ಳೆಯದೇ.

ಪಟ್ಟಿಯಲ್ಲಿ ‘ಸಿಸ್ಟಂ’ ಎಂದು ಬಂದರೆ

ಎರಡು ಕಂಪ್ಯೂಟರುಗಳನ್ನು ಜೋಡಿಸಿ, ಒಂದರಲ್ಲಿ ವಿನ್ಯಾಸ, ಇನ್ನೊಂದರಲ್ಲಿ ಮುದ್ರಣ ಎಂದು ಕೆಲಸ ಹಂಚಿಕೊಂಡಿರುವ ಅಂಗಡಿಗಳಲ್ಲಿ ಹುಡುಕಾಟದ ಫಲಿತಾಂಶವಾಗಿ ‘ಸಿಸ್ಟಂ’ ಎಂಬ ಹೆಸರು, ಪಿಐಡಿ 4 ಬರುವುದುಂಟು. ಇದನ್ನು ಕಂಡು ವಿಂಡೋಸೇ ಕಡತವನ್ನು ನುಂಗಿದೆ ಎಂದು ಗಾಬರಿಯಾಗುವವರಿದ್ದಾರೆ. ನೆಟ್‌ವರ್ಕ್ ಮೂಲಕ ಹಂಚಿಕೊಂಡ ಫೋಲ್ಡರಿನ ಕಡತವನ್ನು ಮತ್ತೊಂದು ಕಂಪ್ಯೂಟರ್ ತೆರೆದಾಗ ಅದರ ಪರವಾಗಿ ಹ್ಯಾಂಡಲ್ ಹಿಡಿಯುವುದು ಈ ಸಿಸ್ಟಂ ಪ್ರೋಸೆಸ್. ಹಿಡಿದಿರುವ ನಿಜವಾದ ವ್ಯಕ್ತಿ ಪಕ್ಕದ ಮೇಜಿನಲ್ಲಿಯೇ ಇರಬಹುದು. ಸ್ಟಾರ್ಟ್ ಗುಂಡಿಯ ಮೇಲೆ ಬಲ ಕ್ಲಿಕ್ ಮಾಡಿ ‘ಕಂಪ್ಯೂಟರ್ ಮ್ಯಾನೇಜ್‌ಮೆಂಟ್’ ತೆರೆದು, ‘ಶೇರ್ಡ್ ಫೋಲ್ಡರ್ಸ್’ ಒಳಗಿನ ‘ಓಪನ್ ಫೈಲ್ಸ್’ ನೋಡಿದರೆ ಯಾವ ಬಳಕೆದಾರರು ಯಾವ ಕಡತವನ್ನು ತೆರೆದಿದ್ದಾರೆ ಎಂಬುದು ಕಾಣುತ್ತದೆ. ಅಲ್ಲಿಂದಲೇ ಮುಚ್ಚಬಹುದು, ಆದರೆ ‘ಅಕ್ಕಾ, ಆ ಕರಪತ್ರದ ಫೈಲ್ ಮುಚ್ಚಿಬಿಡಿ’ ಎಂದು ಕೂಗಿ ಹೇಳುವುದೇ ಮೇಲು. ಅವರು ಉಳಿಸದೆ ಇಟ್ಟಿರುವ ತಿದ್ದುಪಡಿ ಈ ಕಡೆಯಿಂದ ಮುಚ್ಚಿದರೆ ಹಾಳಾದೀತು.

ಬಲವಂತದ ಗುಂಡಿಯನ್ನು ಏಕೆ ಕೊನೆಗೆ ಇಡಬೇಕು

ಪ್ರೋಸೆಸ್ ಎಕ್ಸ್‌ಪ್ಲೋರರ್‌ನಲ್ಲಿ ಹ್ಯಾಂಡಲ್ ಮೇಲೆ ಬಲ ಕ್ಲಿಕ್ ಮಾಡಿದರೆ ‘ಕ್ಲೋಸ್ ಹ್ಯಾಂಡಲ್’ ಎಂಬ ಆಯ್ಕೆ ಬರುತ್ತದೆ; ಲಾಕ್‌ಹಂಟರ್‌ನ ಅನ್‌ಲಾಕ್ ಗುಂಡಿಯ ಉದ್ದೇಶವೂ ಅದೇ. ಒತ್ತಿದಾಗ ಪ್ರೋಸೆಸ್ ಎಕ್ಸ್‌ಪ್ಲೋರರ್ ‘ಪ್ರೋಗ್ರಾಂ ಕುಸಿಯಬಹುದು, ವ್ಯವಸ್ಥೆ ಅಸ್ಥಿರವಾಗಬಹುದು’ ಎಂಬ ಎಚ್ಚರಿಕೆ ಕೊಡುತ್ತದೆ. ಇದನ್ನು ಬಾಯಿಮಾತಿನ ಎಚ್ಚರಿಕೆ ಎಂದುಕೊಳ್ಳುವವರೇ ಹೆಚ್ಚು. ನಿಜವಾಗಿ ಆಗುವುದು ಇಷ್ಟು: ಹ್ಯಾಂಡಲ್ ಒಂದು ಸಂಖ್ಯೆ ಮಾತ್ರ. ಹೊರಗಿನಿಂದ ನಾವು ಅದನ್ನು ಮುಚ್ಚಿದರೂ ಪ್ರೋಗ್ರಾಂಗೆ ಆ ವಿಷಯ ಗೊತ್ತಾಗುವುದಿಲ್ಲ. ಅದೇ ಪ್ರೋಗ್ರಾಂ ಸ್ವಲ್ಪ ಹೊತ್ತಿನಲ್ಲಿ ಬೇರೊಂದು ಕಡತವನ್ನು ತೆರೆದರೆ ಖಾಲಿಯಾದ ಅದೇ ಸಂಖ್ಯೆಯನ್ನು ವಿಂಡೋಸ್ ಹೊಸ ಕಡತಕ್ಕೆ ಕೊಡಬಹುದು. ಬ್ಯಾಂಕಿನಲ್ಲಿ ಒಬ್ಬರ ಟೋಕನನ್ನು ಅವರಿಗೆ ಹೇಳದೆ ರದ್ದು ಮಾಡಿ, ಅದೇ ಸಂಖ್ಯೆಯನ್ನು ಮತ್ತೊಬ್ಬರಿಗೆ ಕೊಟ್ಟರೆ ಇಬ್ಬರೂ ಒಂದೇ ಕೌಂಟರಿಗೆ ಬಂದು ನಿಲ್ಲುವಂತೆ, ಹಳೆಯ ಕಡತಕ್ಕೆಂದು ಪ್ರೋಗ್ರಾಂ ಬರೆದ ದತ್ತಾಂಶ ಹೊಸ ಕಡತದ ನಡುವೆ ಹೋಗಿ ಕೂರುತ್ತದೆ. ಆ ಕ್ಷಣಕ್ಕೆ ಏನೂ ಆಗಿಲ್ಲವೆಂದೇ ಕಾಣುತ್ತದೆ. ತೊಂದರೆ ಬಯಲಾಗುವುದು ಆ ಇನ್ನೊಂದು ಕಡತವನ್ನು ತೆರೆಯಲು ಹೋದ ದಿನ, ಅಷ್ಟು ಹೊತ್ತಿಗೆ ಕಾರಣ ಏನೆಂದು ಊಹಿಸಲೂ ಆಗುವುದಿಲ್ಲ.

ಆದ್ದರಿಂದ ಕ್ರಮ ಹೀಗಿರಲಿ: ಮೊದಲು ಪ್ರೋಗ್ರಾಂ ಅನ್ನು ಸಹಜವಾಗಿ ಮುಚ್ಚುವುದು, ಅದು ಪ್ರತಿಕ್ರಿಯಿಸದಿದ್ದರೆ ಇಡೀ ಪ್ರೋಗ್ರಾಂ ಅನ್ನು ಟಾಸ್ಕ್ ಮ್ಯಾನೇಜರ್‌ನಿಂದ ಕೊನೆಗೊಳಿಸುವುದು, ಅದೂ ಆಗದಿದ್ದರೆ ಮುಂದೆ ಹೇಳುವಂತೆ ರೀಸ್ಟಾರ್ಟ್ ಹೊತ್ತಿಗೆ ಅಳಿಸಲು ನಿಗದಿ ಮಾಡುವುದು. ಇಡೀ ಪ್ರೋಗ್ರಾಂ ಕೊನೆಗೊಂಡರೆ ಅದರ ಎಲ್ಲ ಹ್ಯಾಂಡಲ್‌ಗಳೂ ಒಟ್ಟಿಗೆ ಹೋಗುವುದರಿಂದ ಸಂಖ್ಯೆ ಅದಲುಬದಲಾಗುವ ಅಪಾಯವಿಲ್ಲ. ಉಳಿಸದ ಕೆಲಸ ಹೋಗುತ್ತದೆ ಎಂಬುದಷ್ಟೇ ನಷ್ಟ. ಹ್ಯಾಂಡಲ್ ಒಂದನ್ನೇ ಮುಚ್ಚುವುದನ್ನು, ಆ ಪ್ರೋಗ್ರಾಂ ಕಡತವನ್ನು ಓದಲು ಮಾತ್ರ ಹಿಡಿದಿದೆ ಮತ್ತು ಯಂತ್ರವನ್ನು ಈಗ ರೀಸ್ಟಾರ್ಟ್ ಮಾಡುವಂತಿಲ್ಲ ಎಂಬ ಎರಡೂ ಸಂಗತಿಗಳು ಖಚಿತವಿದ್ದಾಗ ಮಾತ್ರ ಯೋಚಿಸಬಹುದು. ಮುಚ್ಚಿದ ಮೇಲೆ ಆ ಪ್ರೋಗ್ರಾಂನಲ್ಲಿ ಮತ್ತೇನನ್ನೂ ಮಾಡದೆ ಅದನ್ನು ಮುಚ್ಚಿ ಹೊಸದಾಗಿ ತೆರೆಯಬೇಕು.

ರೀಸ್ಟಾರ್ಟ್ ಹೊತ್ತಿಗೆ ಅಳಿಸುವುದು

ಓಡುತ್ತಿರುವ ಪ್ರೋಗ್ರಾಂನ ಕಡತವನ್ನಾಗಲಿ ಅದು ಬಳಸುವ ಡಿಎಲ್‌ಎಲ್ ಎಂಬ ಪೂರಕ ಕೋಡ್ ಕಡತವನ್ನಾಗಲಿ ಅಳಿಸಲು ವಿಂಡೋಸ್ ಬಿಡದಿದ್ದರೂ ಅದೇ ಡ್ರೈವಿನಲ್ಲಿ ಅದರ ಹೆಸರು ಬದಲಿಸಲು ಸಾಮಾನ್ಯವಾಗಿ ಬಿಡುತ್ತದೆ. ಈ ಸಂಗತಿ ಹಲವರಿಗೆ ಅಚ್ಚರಿ ತರುತ್ತದೆ. ಹೆಸರಿನ ಕೊನೆಗೆ ‘ಹಳೆಯದು’ ಎಂದು ಸೇರಿಸಿ, ರೀಸ್ಟಾರ್ಟ್ ಮಾಡಿದರೆ ಪ್ರೋಗ್ರಾಂಗೆ ತನ್ನ ಹಳೆಯ ಕಡತ ಸಿಗುವುದಿಲ್ಲ, ನಾವು ನಿರಾಳವಾಗಿ ಅಳಿಸಬಹುದು. ಏನಾದರೂ ಕೆಟ್ಟರೆ ಹೆಸರನ್ನು ಮೊದಲಿನಂತೆ ಮಾಡಿದರಾಯಿತು. ಅಳಿಸುವುದಕ್ಕೆ ಮುನ್ನ ಹೆಸರು ಬದಲಿಸಿ ಒಂದೆರಡು ದಿನ ನೋಡುವ ಈ ಪದ್ಧತಿಯನ್ನು ನಾನು ಯಾವ ಉಪಕರಣಕ್ಕಿಂತಲೂ ಹೆಚ್ಚು ನಂಬುತ್ತೇನೆ.

ಹೆಸರು ಬದಲಿಸುವುದೂ ಆಗದಿದ್ದರೆ ಮೂವ್‌ಫೈಲ್ ಬಳಸಬೇಕು. ಅಡ್ಮಿನ್ ಹಕ್ಕಿನೊಂದಿಗೆ ಕಮಾಂಡ್ ಪ್ರಾಂಪ್ಟ್ ತೆರೆದು, ಮೂವ್‌ಫೈಲ್ ಆಜ್ಞೆಯ ಮುಂದೆ ಉದ್ಧರಣ ಚಿಹ್ನೆಗಳ ನಡುವೆ ಕಡತದ ಪೂರ್ಣ ದಾರಿಯನ್ನು ಬರೆದು, ಒಂದು ಜಾಗ ಬಿಟ್ಟು, ನಡುವೆ ಏನೂ ಇಲ್ಲದ ಇನ್ನೊಂದು ಜೊತೆ ಉದ್ಧರಣ ಚಿಹ್ನೆಯನ್ನು ಹಾಕಬೇಕು. ‘ಎಲ್ಲಿಗೆ’ ಎಂಬ ಜಾಗ ಖಾಲಿಯಿದ್ದರೆ ‘ಅಳಿಸು’ ಎಂದೇ ವಿಂಡೋಸ್ ತಿಳಿಯುತ್ತದೆ. ಈ ಕೋರಿಕೆ ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ಬರೆದಿಡುವ ರಿಜಿಸ್ಟ್ರಿಯಲ್ಲಿ ದಾಖಲಾಗಿ, ಮುಂದಿನ ಬಾರಿ ವಿಂಡೋಸ್ ಏಳುವಾಗ, ಬೇರೆ ಪ್ರೋಗ್ರಾಂಗಳು ಕಣ್ಣು ಬಿಡುವ ಮೊದಲೇ ನೆರವೇರುತ್ತದೆ. ಏನೇನು ನಿಗದಿಯಾಗಿದೆ ಎಂಬುದನ್ನು ಪೆಂಡ್‌ಮೂವ್ಸ್ ತೋರಿಸುತ್ತದೆ. ರೀಸ್ಟಾರ್ಟ್‌ಗೆ ಮುನ್ನ ಅದನ್ನೊಮ್ಮೆ ಓಡಿಸಿ ದಾರಿಯನ್ನು ಅಕ್ಷರಕ್ಕೆ ಅಕ್ಷರ ಓದಿ ನೋಡಬೇಕು, ಏಕೆಂದರೆ ಹೀಗೆ ಅಳಿದದ್ದು ರೀಸೈಕಲ್ ಬಿನ್‌ಗೆ ಹೋಗುವುದಿಲ್ಲ. ನೆಟ್‌ವರ್ಕ್ ಫೋಲ್ಡರಿನ ಕಡತಗಳಿಗೆ ಈ ದಾರಿ ಇಲ್ಲ.

ಹಕ್ಕಿನ ತೊಡಕು

ವಿಂಡೋಸನ್ನು ಹೊಸದಾಗಿ ಹಾಕಿಸಿದ ಮೇಲೆ ಡಿ ಡ್ರೈವಿನ ಹಳೆಯ ಫೋಲ್ಡರುಗಳು ‘ಪರ್ಮಿಷನ್ ಬೇಕು’ ಎನ್ನುವುದು ಸಾಮಾನ್ಯ. ಪ್ರಾಪರ್ಟೀಸ್‌ನ ‘ಸೆಕ್ಯೂರಿಟಿ’ ಪುಟದಲ್ಲಿ ಬಳಕೆದಾರರ ಹೆಸರಿನ ಜಾಗದಲ್ಲಿ ಉದ್ದನೆಯ ಸಂಖ್ಯಾಸಾಲು ಕಂಡರೆ ಅದು ಹಳೆಯ ವಿಂಡೋಸ್‌ನ ಈಗಿಲ್ಲದ ಖಾತೆ. ಅಲ್ಲಿಯೇ ‘ಅಡ್ವಾನ್ಸ್ಡ್’ ಒತ್ತಿ, ಮಾಲೀಕರ ಹೆಸರಿನ ಪಕ್ಕದ ‘ಚೇಂಜ್’ ಮೂಲಕ ನಿಮ್ಮ ಖಾತೆಯನ್ನು ಕೊಟ್ಟು, ಒಳಗಿನ ಕಡತಗಳಿಗೂ ಅನ್ವಯಿಸುವಂತೆ ಗುರುತು ಹಾಕಿ, ಅನಂತರ ‘ಫುಲ್ ಕಂಟ್ರೋಲ್’ ಕೊಟ್ಟರೆ ಅಳಿಸಬಹುದು. ಮಾಲೀಕರ ಜಾಗದಲ್ಲಿ ‘ಟ್ರಸ್ಟೆಡ್‌ಇನ್‌ಸ್ಟಾಲರ್’ ಎಂದಿದ್ದರೆ ಕೈ ಹಿಂದೆಗೆಯಿರಿ, ಅದು ವಿಂಡೋಸ್‌ನ ಸ್ವಂತ ಕಡತ. ಇಡೀ ಸಿ ಡ್ರೈವಿನ ಮಾಲೀಕತ್ವ ಬದಲಿಸುವ ಸಾಹಸವನ್ನಂತೂ ಎಂದೂ ಮಾಡಬಾರದು.

ಹೆಸರಿನ ತೊಡಕು

ವಿಂಡೋಸ್‌ನಲ್ಲಿ ಕಡತದ ಪೂರ್ಣ ದಾರಿಗೆ ರೂಢಿಯ ಮಿತಿ 260 ಅಕ್ಷರಗಳು. ಕನ್ನಡದಲ್ಲಿ ಹೆಸರಿಡುವವರು ಈ ಮಿತಿಯನ್ನು ಬೇಗ ಮುಟ್ಟುತ್ತಾರೆ. ‘ಲಗ್ನಪತ್ರಿಕೆ’ ನಮ್ಮ ಕಣ್ಣಿಗೆ ಐದು ಅಕ್ಷರ, ಆದರೆ ಗುಣಿತ, ಒತ್ತುಗಳನ್ನು ಯೂನಿಕೋಡ್ ಬೇರೆ ಬೇರೆಯಾಗಿ ಎಣಿಸುವುದರಿಂದ ವಿಂಡೋಸ್ ಲೆಕ್ಕದಲ್ಲಿ ಅದು 11. ಫೋಲ್ಡರಿನೊಳಗೆ ಫೋಲ್ಡರ್ ಮಾಡುತ್ತ ವಧೂವರರ ಪೂರ್ತಿ ಹೆಸರು ಬರೆಯುತ್ತ ಹೋದರೆ ಎಕ್ಸ್‌ಪ್ಲೋರರ್ ಕೈಚೆಲ್ಲುತ್ತದೆ. ಇಲ್ಲಿ ನೆರವಿಗೆ ಬರುವುದು ಸೆವೆನ್-ಜಿಪ್‌ನ ಕಡತ ಕಿಟಕಿ. ಅದರಲ್ಲಿ ಆ ಫೋಲ್ಡರನ್ನು ಆರಿಸಿ, ಶಿಫ್ಟ್ ಕೀಲಿ ಒತ್ತಿ ಹಿಡಿದು ಡಿಲೀಟ್ ಮಾಡಿದರೆ ಉದ್ದದ ದಾರಿಯೂ ಅಳಿಯುತ್ತದೆ, ಆದರೆ ಮರಳಿ ಬರುವುದಿಲ್ಲ. ಮೇಲಿನ ಹಂತದ ಫೋಲ್ಡರುಗಳಿಗೆ ಒಂದೊಂದಕ್ಷರದ ಹೆಸರು ಕೊಟ್ಟು ದಾರಿಯನ್ನು ಕುಗ್ಗಿಸಿ ಅಳಿಸುವುದು ಇದಕ್ಕಿಂತ ಸೌಮ್ಯ.

ಹೆಸರಿನ ಕೊನೆಗೆ ಚುಕ್ಕೆ ಅಥವಾ ಖಾಲಿ ಜಾಗವಿರುವ, ಇಲ್ಲವೇ ‘ಕಾನ್’, ‘ಆಕ್ಸ್’, ‘ನಲ್’ ಎಂಬ ಕಾದಿರಿಸಿದ ಇಂಗ್ಲಿಷ್ ಹೆಸರುಗಳಿರುವ ಕಡತಗಳಿಗೂ ಸೆವೆನ್-ಜಿಪ್‌ನಲ್ಲಿ ಪ್ರಯತ್ನಿಸಬಹುದು. ಕಮಾಂಡ್ ಪ್ರಾಂಪ್ಟ್‌ನಲ್ಲಾದರೆ ಪೂರ್ಣ ದಾರಿಯ ಮುಂದೆ \\?\ ಎಂಬ ಗುರುತನ್ನು ಸೇರಿಸಿ ಅಳಿಸಿದರೆ ವಿಂಡೋಸ್ ಹೆಸರನ್ನು ತಿದ್ದದೆ ಇದ್ದಂತೆಯೇ ಸ್ವೀಕರಿಸುತ್ತದೆ.

ಹಿಡಿದಿರುವುದು ವೈರಸ್ ಆಗಿದ್ದರೆ

ಹತ್ತಾರು ಕೈ ದಾಟಿದ ಪೆನ್‌ಡ್ರೈವ್‌ಗಳಲ್ಲಿ ಫೋಲ್ಡರುಗಳೆಲ್ಲ ಮಾಯವಾಗಿ ಅವುಗಳ ಜಾಗದಲ್ಲಿ ಶಾರ್ಟ್‌ಕಟ್‌ಗಳು ಕುಳಿತಿರುವುದನ್ನು ಬಹುತೇಕ ಎಲ್ಲರೂ ಕಂಡಿದ್ದಾರೆ. ಅಳಿಸಿದ ಕ್ಷಣದಲ್ಲಿಯೇ ಮತ್ತೆ ಹುಟ್ಟುವ ಕಡತ, ಹುಡುಕಿದಾಗ ‘ಡಬ್ಲ್ಯೂಸ್ಕ್ರಿಪ್ಟ್’ ಎಂಬ ಸ್ಕ್ರಿಪ್ಟ್ ಓಡಿಸುವ ಪ್ರೋಗ್ರಾಂ ಹಿಡಿದಿರುವುದು ಇವೆರಡೂ ಕೂಡಿ ಕಂಡರೆ ಅನ್‌ಲಾಕ್ ಉಪಕರಣ ಕೆಳಗಿಡಬೇಕು. ಮೈಕ್ರೋಸಾಫ್ಟ್‌ನ ‘ಸೇಫ್ಟಿ ಸ್ಕ್ಯಾನರ್’ ಇನ್‌ಸ್ಟಾಲ್ ಬೇಡದ ವೈರಸ್ ತಪಾಸಣೆಯ ಉಪಕರಣ. ಇಳಿಸಿಕೊಂಡ 10 ದಿನಗಳ ನಂತರ ಅದು ಕೆಲಸ ಮಾಡುವುದಿಲ್ಲವಾದ್ದರಿಂದ ಪ್ರತಿ ಬಾರಿ ಹೊಸದಾಗಿ ತರಬೇಕು. ವಿಂಡೋಸ್‌ನ ಸ್ವಂತ ಆಂಟಿವೈರಸ್ ಆದ ಡಿಫೆಂಡರ್‌ನ ‘ಆಫ್‌ಲೈನ್ ಸ್ಕ್ಯಾನ್’ ಯಂತ್ರವನ್ನು ರೀಸ್ಟಾರ್ಟ್ ಮಾಡಿ ವಿಂಡೋಸ್ ಏಳುವ ಮೊದಲೇ ತಪಾಸಣೆ ನಡೆಸುವುದರಿಂದ ಹಿಡಿತದ ಪ್ರಶ್ನೆಯೇ ಬರುವುದಿಲ್ಲ. ಗಿರಾಕಿಯ ಫೋಲ್ಡರುಗಳು ಅಳಿದಿರುವುದಿಲ್ಲ, ಮರೆಮಾಡಲ್ಪಟ್ಟಿರುತ್ತವೆ ಅಷ್ಟೆ. ಫಾರ್ಮ್ಯಾಟ್ ಮಾಡುವ ಮುನ್ನ ‘ಆಟ್ರಿಬ್’ ಆಜ್ಞೆಯಿಂದ ಅವುಗಳ ಮರೆಯನ್ನು ತೆಗೆದು, ನಕಲಿಸಿಕೊಳ್ಳಬೇಕು.

ಬಿಡಿಸಲು ಹೋಗಬಾರದವು

ಜಾಗ ಮಾಡಲೆಂದು ಸಿ ಡ್ರೈವಿನಲ್ಲಿ ದೊಡ್ಡ ಕಡತಗಳನ್ನು ಹುಡುಕಿದರೆ ‘ಪೇಜ್‌ಫೈಲ್’ ಮತ್ತು ‘ಹೈಬರ್‌ಫಿಲ್’ ಮೊದಲು ಸಿಗುತ್ತವೆ. ಮೊದಲನೆಯದು ಮೆಮೊರಿಯ ಪೂರಕ, ಎರಡನೆಯದು ಹೈಬರ್ನೇಟ್ ಮತ್ತು ಫಾಸ್ಟ್ ಸ್ಟಾರ್ಟಪ್‌ಗೆ ಮೀಸಲು. ಹೈಬರ್ನೇಟ್ ಸೌಲಭ್ಯವನ್ನೇ ನಿಲ್ಲಿಸಿದರೆ ಎರಡನೆಯ ಕಡತ ತಾನಾಗಿಯೇ ಹೋಗುತ್ತದೆ. ವಿಂಡೋಸ್ ತನ್ನ ಘಟಕಗಳನ್ನಿಡುವ ‘ವಿನ್‌ಎಸ್‌ಎಕ್ಸ್‌ಎಸ್’ ಫೋಲ್ಡರ್ ಎಕ್ಸ್‌ಪ್ಲೋರರ್‌ನಲ್ಲಿ ತೋರುವಷ್ಟು ಜಾಗವನ್ನು ನಿಜವಾಗಿ ತಿಂದಿರುವುದಿಲ್ಲ. ಒಂದೇ ಕಡತ ಎರಡು ಕಡೆ ಲೆಕ್ಕಕ್ಕೆ ಬಂದಿರುತ್ತದೆ. ‘ವಿಂಡೋಸ್ ಓಲ್ಡ್’ ಫೋಲ್ಡರನ್ನು ಡಿಸ್ಕ್ ಕ್ಲೀನಪ್ ಮೂಲಕ ತೆಗೆಯಬೇಕು, ಸುಮ್ಮನಿದ್ದರೂ ಸಾಮಾನ್ಯವಾಗಿ 10 ದಿನಗಳ ಮೇಲೆ ವಿಂಡೋಸೇ ತೆಗೆಯುತ್ತದೆ.

ಡಿಟಿಪಿಯವರಿಗೆ ವಿಶೇಷವಾಗಿ ಹೇಳಬೇಕಾದದ್ದು ಫಾಂಟ್‌ಗಳ ಬಗ್ಗೆ. ನುಡಿ ಫಾಂಟ್‌ನ ಹಳೆಯ ಮತ್ತು ಹೊಸ ಪ್ರತಿಗಳೆರಡೂ ಸೇರಿ ಅಕ್ಷರಗಳು ಕೆಟ್ಟು ಕಾಣತೊಡಗಿದಾಗ ಹಳೆಯದನ್ನು ಕಿತ್ತುಹಾಕಲು ಹೋಗುತ್ತೇವೆ, ‘ಬಳಕೆಯಲ್ಲಿದೆ’ ಎಂಬ ಉತ್ತರ ಬರುತ್ತದೆ. ಫಾಂಟನ್ನು ಹಿಡಿದಿರುವುದು ಪೇಜ್‌ಮೇಕರ್ ಒಂದೇ ಅಲ್ಲ, ಅಕ್ಷರ ತೋರಿಸುವ ಪ್ರತಿ ಪ್ರೋಗ್ರಾಂ ಮತ್ತು ವಿಂಡೋಸ್‌ನ ಫಾಂಟ್ ಕ್ಯಾಷ್ ಸೇವೆಯೂ ಇರಬಹುದು. ಎಲ್ಲವನ್ನೂ ಮುಚ್ಚಿ, ರೀಸ್ಟಾರ್ಟ್ ಮಾಡಿ, ಬೇರೇನನ್ನೂ ತೆರೆಯದೆ ಸೆಟ್ಟಿಂಗ್ಸ್‌ನ ‘ಫಾಂಟ್ಸ್’ ಪುಟದಿಂದ ಅನ್‌ಇನ್‌ಸ್ಟಾಲ್ ಮಾಡುವುದೇ ಸರಿಯಾದ ದಾರಿ. ಕಡತವನ್ನು ಬಲವಂತವಾಗಿ ಅಳಿಸಿದರೆ ರಿಜಿಸ್ಟ್ರಿಯಲ್ಲಿ ಅದರ ಹೆಸರು ಉಳಿದು ಗೊಂದಲ ಮುಂದುವರಿಯುತ್ತದೆ.

ಪೆನ್‌ಡ್ರೈವ್ ಕೀಳುವ ಮುನ್ನ

ಪೆನ್‌ಡ್ರೈವ್‌ನಿಂದ ಅಳಿಸಿದ ಕಡತಗಳು ಸಾಮಾನ್ಯವಾಗಿ ರೀಸೈಕಲ್ ಬಿನ್‌ಗೆ ಹೋಗದೆ ನೇರವಾಗಿ ಅಳಿಯುತ್ತವೆ. ಎಸ್‌ಎಸ್‌ಡಿ (ಚಿಪ್‌ಗಳಿಂದಾದ ಡಿಸ್ಕ್) ಇರುವ ಕಂಪ್ಯೂಟರುಗಳಲ್ಲಿ ಅಳಿಸಿದ ಜಾಗವನ್ನು ಖಾಲಿ ಮಾಡಿಸುವ ಟ್ರಿಮ್ ಎಂಬ ವ್ಯವಸ್ಥೆಯಿಂದಾಗಿ ಪೂರ್ತಿ ಅಳಿದ ಕಡತವನ್ನು ರಿಕವರಿ ಪ್ರೋಗ್ರಾಂಗಳಿಂದ ಮರಳಿ ತರುವ ಸಾಧ್ಯತೆ ತೀರ ಕಡಿಮೆ. ಗಿರಾಕಿಯ ಡ್ರೈವಿನಲ್ಲಿ ಏನನ್ನು ಅಳಿಸುವುದಿದ್ದರೂ ಮೊದಲು ಒಂದು ಪ್ರತಿಯನ್ನು ನಿಮ್ಮ ಕಂಪ್ಯೂಟರಿನಲ್ಲಿ ಇಟ್ಟುಕೊಂಡು, ಅವರು ಡ್ರೈವನ್ನು ತೆರೆದು ನೋಡಿ ಸರಿಯಿದೆ ಎಂದ ಮೇಲೆ ಆ ಪ್ರತಿಯನ್ನು ತೆಗೆಯಿರಿ.

ಕೆಲಸ ಮುಗಿದು ಡ್ರೈವನ್ನು ‘ಇಜೆಕ್ಟ್’ ಮಾಡಲು ಹೋದಾಗ ‘ಇನ್ನೂ ಬಳಕೆಯಲ್ಲಿದೆ’ ಎಂದರೆ ಅದೂ ಇದೇ ಹಿಡಿತದ ಇನ್ನೊಂದು ರೂಪ. ಮೊದಲು ಅದೇ ಡ್ರೈವಿನಿಂದ ಓಡುತ್ತಿರುವ ನಿಮ್ಮ ಉಪಕರಣಗಳನ್ನು ಮುಚ್ಚಿ, ಎಷ್ಟೋ ಸಲ ಹಿಡಿದಿರುವುದು ಅವೇ. ಆದರೂ ಬಿಡದಿದ್ದರೆ ‘ಇವೆಂಟ್ ವ್ಯೂವರ್’ ತೆರೆದು, ‘ವಿಂಡೋಸ್ ಲಾಗ್ಸ್’ ಒಳಗಿನ ‘ಸಿಸ್ಟಂ’ ದಾಖಲೆಯಲ್ಲಿ 225 ಸಂಖ್ಯೆಯ ಇತ್ತೀಚಿನ ಸಾಲನ್ನು ನೋಡಿ. ಯಾವ ಪ್ರೋಗ್ರಾಂ, ಯಾವ ಪಿಐಡಿ ಡ್ರೈವನ್ನು ಬಿಡಲಿಲ್ಲ ಎಂಬುದನ್ನು ವಿಂಡೋಸ್ ಅಲ್ಲಿ ಬರೆದಿಟ್ಟಿರುತ್ತದೆ. ಆ ಪ್ರೋಗ್ರಾಂ ಅನ್ನು ಮುಚ್ಚಿ ಮತ್ತೆ ಇಜೆಕ್ಟ್ ಮಾಡಿ. ಹೆಸರು ಗೊತ್ತಾದರೂ ಮುಚ್ಚಲಾಗದಿದ್ದರೆ ಕಂಪ್ಯೂಟರನ್ನು ರೀಸ್ಟಾರ್ಟ್ ಮಾಡಿ, ವಿಂಡೋಸ್ ಮುಚ್ಚಿಕೊಂಡು ಪರದೆ ಕಪ್ಪಾದಾಗ ಡ್ರೈವನ್ನು ಕೀಳಬಹುದು.